ಹೊಕ್ಕಳ ಗಂಟು ಮತ್ತು ಮಿಶ್ರಿ ಡಬ್ಬಿ

ಯಾವ ತೋಟಕ್ಕೆ ಹೋದರೂ ನಾನು ಮೊದಲು ಮಾಡುವ ಕೆಲಸ ಒಂದೇ. ಚೀಲದ ಬಾಯಿ ಬಿಚ್ಚಿ, ಮೇಲಿನ ಹಣ್ಣಿನ ಕಡೆ ನೋಡದೆ, ಮೊಣಕೈವರೆಗೆ ಕೈ ಇಳಿಸಿ, ತಳದಿಂದ ನಾಲ್ಕು ನಿಂಬೆಹಣ್ಣು ತೆಗೆಯುವುದು. ಮೇಲಿರುವುದು ತೋರಿಸಲು ಇಟ್ಟದ್ದು, ಕೆಳಗಿರುವುದು ಮಾರಲು ತುಂಬಿದ್ದು. ಇಂಡಿ ಸುತ್ತಲಿನ ನಿಂಬೆ ತೋಟದವರಿಗೆಲ್ಲ ನನ್ನ ಈ ಚಾಳಿ ಗೊತ್ತು. "ನೀಲವ್ವ ಬಂದ್ಲು, ತೋಳು ಏರಿಸ್ತಾಳ ನೋಡ್ರಿ" ಎಂದು ನಗುತ್ತಾರೆ. ಬುಟ್ಟಿ ಹೊತ್ತು ಬಸ್ ಸ್ಟ್ಯಾಂಡಿನಲ್ಲಿ ನಿಂಬೆಹಣ್ಣು ಮಾರುತ್ತಿದ್ದವಳು ಈಗ ಲಾರಿಗೆ ತುಂಬಿಸುವ ಮಟ್ಟಕ್ಕೆ ಬಂದದ್ದು ಈ ಕೈಯಿಂದಲೇ. ಜಂಬಕ್ಕೆ ಹೇಳುತ್ತಿಲ್ಲ. ಇಂಥ ಕೈ ಇದ್ದವಳು ತನ್ನ ಹೊಟ್ಟೆಯ ವಿಷಯದಲ್ಲಿ ಮಾತ್ರ ಎಲ್ಲರಿಗೂ ಮೇಲಿನ ಹಣ್ಣನ್ನೇ ತೋರಿಸಿಕೊಂಡು ತಿರುಗಿದಳು. ಅದನ್ನು ಹೇಳಬೇಕಾಗಿದೆ.

ನನಗೆ ಆದದ್ದು ಹೊಕ್ಕಳ ಹರ್ನಿಯಾ. ಹೊಕ್ಕಳಿನ ಹತ್ತಿರ ಹೊಟ್ಟೆಯ ಗೋಡೆ ಸಡಿಲಾಗಿ ಒಳಗಿನದು ಹೊರಗೆ ತಲೆ ಹಾಕುವುದು. ಇದಕ್ಕಿಂತ ಹೆಚ್ಚಿನದನ್ನು ಡಾಕ್ಟರು ಹೇಳುತ್ತಾರೆ.

ಒಂದು ದಿನ ಆಳು ಬಂದಿರಲಿಲ್ಲ. ಟೆಂಪೋಕ್ಕೆ ನಾನೇ ಚೀಲ ಎತ್ತಿಕೊಟ್ಟೆ. ಆರನೆಯದೋ ಏಳನೆಯದೋ ಚೀಲಕ್ಕೆ ಹೊಕ್ಕಳಲ್ಲಿ ಚಳಕ್ ಎಂದಿತು. ಮನೆಗೆ ಬಂದು ಸ್ನಾನ ಮಾಡುವಾಗ ನೋಡುತ್ತೇನೆ, ಹೊಕ್ಕಳಿನ ಮೇಲೆ ಸಣ್ಣ ನಿಂಬೆಕಾಯಿಯಷ್ಟು ಗಂಟು. ಒತ್ತಿದರೆ ಗುಳುಕ್ ಎಂದು ಒಳಗೆ ಹೋಯಿತು. ಕೆಮ್ಮಿದೆ, ಹೊರಗೆ ಬಂತು. ಮಲಗಿದೆ, ಒಳಗೆ ಹೋಯಿತು. ಎದ್ದು ಕೂತೆ, ಮತ್ತೆ ಬಂತು. ಸುಳ್ಳು ಯಾಕೆ ಹೇಳಲಿ, ಆಗ ನನಗೆ ಹೆದರಿಕೆಗಿಂತ ಹೆಚ್ಚಾಗಿ ಇದೇನಿದು ಎನ್ನುವ ಬೆರಗು. ಕೆಲವು ದಿನ ಬಾಗಿಲು ಹಾಕಿಕೊಂಡು ಅದೇ ಆಟ. ಹೊಟ್ಟೆ ತುಂಬ ಉಂಡಾಗ ದೊಡ್ಡದು, ಉಪವಾಸದ ದಿನ ಸಣ್ಣದು. ಚೀಲ ಎತ್ತಿದ ದಿನ ಸಂಜೆ ಗಟ್ಟಿ, ತೋಟಕ್ಕೆ ಹೋಗದ ದಿನ ಮೆತ್ತಗೆ. ಇಷ್ಟೆಲ್ಲ ಲಕ್ಷ್ಯಗೊಟ್ಟು ನೋಡಿದವಳು ಒಬ್ಬರಿಗೂ ತೋರಿಸಲಿಲ್ಲ. ಮೂರು ಹೆತ್ತವಳು, ಐವತ್ತರ ಹತ್ತಿರ ಬಂದವಳು, ಯಾರ ಮುಂದೆ ಹೊಟ್ಟೆ ಬಿಚ್ಚಲಿ? ನಮ್ಮಲ್ಲಿ ಕೂಸುಗಳ ಹೊಕ್ಕಳು ಉಬ್ಬಿದರೆ ಒಂದು ನಾಣ್ಯ ಇಟ್ಟು ಬಟ್ಟೆ ಬಿಗಿಯುತ್ತಾರೆ. ನಾನೂ ದೊಡ್ಡದೊಂದು ಹಳೆಯ ನಾಣ್ಯ ಹುಡುಕಿ ಕಟ್ಟಿಕೊಂಡು, ಮೇಲೆ ಸೀರೆ ಬಿಗಿದೆ. ಚರ್ಮ ಕೆಂಪಗಾಗಿ ತುರಿಸಿತೇ ಹೊರತು ಗಂಟು ಹೋಗಲಿಲ್ಲ. ಈಗ ಯಾರಾದರೂ ಕಟ್ಟಿಕೊಂಡಿದ್ದರೆ ಇವತ್ತೇ ಬಿಚ್ಚಿರಿ.

ನಮ್ಮ ಮನೆಯವರಿಗೆ ಗೊತ್ತಾದದ್ದು ಆರು ತಿಂಗಳ ಮೇಲೆ. ಅವರದು ಮಾತು ಕಡಿಮೆ, ನನ್ನ ಮಾತಿನ ಮುಂದೆ ಇನ್ನೂ ಕಡಿಮೆ. ನೋಡಿದವರೇ "ಬಟ್ಟಿ ಸರಿದಿರಬೇಕು" ಎಂದರು. ಭಾರ ಎತ್ತಿದಾಗ ಹೊಕ್ಕಳಿನ ನಾಡಿ ಜಾಗ ಬಿಟ್ಟು ಸರಿಯುತ್ತದೆ ಎಂದು ನಮ್ಮ ಕಡೆ ನಂಬಿಕೆ. ಅದನ್ನು ಬಟ್ಟಿ ಸರಿಯುವುದು ಎನ್ನುತ್ತೇವೆ. ತಿಕ್ಕಿ ಕೂಡಿಸುವವರು ಇರುತ್ತಾರೆ. ಕನ್ನೊಳ್ಳಿಯ ಗಂಗವ್ವಾಯಿಯ ಕೈಗುಣ ಸಿಂದಗಿ ತಾಲೂಕಿಗೆಲ್ಲ ಗೊತ್ತು. ನನ್ನ ತವರಿನ ಕಡೆಯವಳು, ಚಿಕ್ಕಂದಿನಿಂದ ನನ್ನನ್ನು ಕಂಡವಳು. ಹೋದೆ.

ಮೊದಲ ಸಲ ಎಣ್ಣೆ ಹಚ್ಚಿ ಮೆಲ್ಲಗೆ ತಿಕ್ಕಿದಳು. ಮಲಗಿಸಿದ್ದರಿಂದ ಗಂಟು ತಾನೇ ಒಳಗೆ ಹೋಗಿತ್ತು. ನಾನು ಅವಳ ಕೈಗುಣ ಎಂದುಕೊಂಡೆ, ಅವಳೂ ಹಾಗೇ ಅಂದುಕೊಂಡಳು. ಹದಿನೈದು ದಿನಕ್ಕೆ ಮತ್ತೆ ಹೋದೆ. ಈ ಸಲ ದೀಪ ಇಡುತ್ತೇನೆ ಎಂದಳು. ಹೊಕ್ಕಳಿನ ಮೇಲೆ ಜೋಳದ ಹಿಟ್ಟಿನ ಸಣ್ಣ ಹಣತೆ ಇಟ್ಟು, ಬತ್ತಿ ಹಚ್ಚಿ, ಮೇಲೆ ಹಿತ್ತಾಳೆಯ ತಂಬಿಗೆ ಬೋರಲು ಹಾಕುವುದು. ದೀಪ ಆರಿದ ಕೂಡಲೇ ತಂಬಿಗೆ ಹೊಟ್ಟೆಯನ್ನು ಕಚ್ಚಿ ಹಿಡಿಯುತ್ತದೆ. ಸರಿದ ಬಟ್ಟಿಯನ್ನು ಅದು ಎಳೆದು ತರುತ್ತದೆ ಎಂದು ಲೆಕ್ಕ.

ಎಳೆದು ತಂದಿತು. ಆದರೆ ಬಟ್ಟಿಯನ್ನಲ್ಲ. ತಂಬಿಗೆ ಕಿತ್ತಾಗ ಹೊಕ್ಕಳಿನ ಮೇಲೆ ನಿಂಬೆಕಾಯಿಯ ಬದಲು ಗಜನಿಂಬೆ ಕೂತಿತ್ತು. ಗಟ್ಟಿಯಾಗಿತ್ತು, ಒತ್ತಿದರೆ ಹೋಗಲೊಲ್ಲದು. ಹೊಟ್ಟೆಯಲ್ಲಿ ಹಿಂಡಿದಂಥ ನೋವು. ಇಷ್ಟು ದಿನದ ನನ್ನ ಆಟ ಅಲ್ಲಿಗೆ ನಿಂತಿತು. ಗಂಗವ್ವಾಯಿಯ ಮುಖ ನೋಡಿದೆ. ಎಂಬತ್ತು ದಾಟಿದ ಆ ಮುದುಕಿ ತಂಬಿಗೆಯನ್ನು ದೂರ ತಳ್ಳಿದಳು. ಮೊಣಕಾಲು ಮಡಚಿ ಮಲಗಿಸಿ, ನನ್ನ ಅಂಗೈ ಹಿಡಿದು, ಉಸಿರು ಬಿಡು ಎಂದು ಹೇಳುತ್ತ ಕೂತಳು. ಎಷ್ಟು ಹೊತ್ತೋ ಗೊತ್ತಿಲ್ಲ, ಹೊರಗೆ ಎರಡು ಬಸ್ ಹೋದದ್ದು ಕೇಳಿಸಿತು. ಆಮೇಲೆ ಗುಳುಕ್ ಎಂದಿತು. ಆ ಸಪ್ಪಳ ಅಷ್ಟು ಇಂಪಾಗಿ ಎಂದೂ ಕೇಳಿರಲಿಲ್ಲ.

"ನೀಲಾ, ಇದು ಬಟ್ಟಿ ಅಲ್ಲವಾ," ಎಂದಳು ಆಯಿ. "ನನ್ನ ಕೈಯಾಗ ಕರಳು ಆಡಿತು. ನಾ ಮುಟ್ಟೂದಲ್ಲಿದು. ದವಾಖಾನಿಗೆ ಹೋಗು. ನನ್ನಾಣಿ ಐತಿ."

ತಂದಿದ್ದ ಕಾಯಿ, ಜೋಳ ತೆಗೆದುಕೊಳ್ಳದೆ ವಾಪಸು ಕೊಟ್ಟಳು. ತನ್ನ ಕೈಗೆ ದಕ್ಕದ್ದು ಯಾವುದು ಎಂದು ಒಪ್ಪಿಕೊಳ್ಳುವ ದೊಡ್ಡತನ ವ್ಯಾಪಾರದಲ್ಲೂ ಅಪರೂಪ. ಆ ಮುದುಕಿಯ ಮೇಲೆ ನನಗೆ ಸಿಟ್ಟಿಲ್ಲ. ನಾಚಿಕೆಗೆ ಬಿದ್ದು ಆರು ತಿಂಗಳು ಕಳೆದವಳು ನಾನು.

ವಿಜಯಪುರದ ಒಂದು ದವಾಖಾನೆಯಲ್ಲಿ ಹೆಣ್ಣು ಸರ್ಜನ್ ಇದ್ದಾರೆ ಎಂದು ಯಾರೋ ಹೇಳಿದರು. ಮುದ್ದೇಬಿಹಾಳದ ಕಡೆಯವರು, ನಮ್ಮಂತೆಯೇ ಮಾತು. ಕಾಯುವ ಕೋಣೆಯಲ್ಲಿ ಕೂತಾಗ ನನ್ನ ಬುದ್ಧಿ ಸುಮ್ಮನಿರಲಿಲ್ಲ. ಪಕ್ಕದವರನ್ನೆಲ್ಲ ವಿಚಾರಿಸಿದೆ. ಗೊಳಸಂಗಿಯ ರೈತನೊಬ್ಬ ಹರ್ನಿಯಾ ಆಪರೇಷನ್ ಆಗಿ ಐದು ವರ್ಷವಾಯಿತು, ಏನೂ ಇಲ್ಲ ಎಂದ. ಇನ್ನೊಬ್ಬ ಹೊಲಿಗೆ ಬಿಚ್ಚಿದ ವಾರಕ್ಕೇ ಗೊಬ್ಬರದ ಚೀಲ ಹೊತ್ತದ್ದಕ್ಕೆ ಹರ್ನಿಯಾ ವಾಪಸು ಬಂದಿತ್ತು. ಒಂದೇ ಹೆಸರಿನ ರೋಗ, ಇಬ್ಬರ ಕಥೆ ಬೇರೆ. ಯಾಕೆ ಬೇರೆ ಎನ್ನುವುದೇ ನನ್ನ ತಲೆಗೆ ಹೊಕ್ಕಿತು.

ಡಾಕ್ಟರು ಕೆಮ್ಮಿಸಿ, ಬೆರಳಿಟ್ಟು ನೋಡಿ, ಸ್ಕ್ಯಾನ್ ಮಾಡಿಸಿ, ಆಪರೇಷನ್ ಮಾಡಿ ಒಳಗೆ ಬಲೆಯಂಥ ಜಾಳಿಗೆ ಹಾಕಬೇಕು ಎಂದರು. ನಾನು ನನ್ನ ರೂಢಿಯಂತೆ ಚೌಕಾಶಿಗೆ ಕೂತೆ. ರೊಕ್ಕದ ಚೌಕಾಶಿ ಅಲ್ಲ. ಏನೇನು ಕೆಡಬಹುದು, ಒಂದೊಂದಾಗಿ ಹೇಳಿರಿ ಎಂದೆ. ಅವರು ಬೇಸರಪಡದೆ ಹೇಳಿದರು: ಗಾಯ ಕೀವಾಗಬಹುದು, ಒಳಗೆ ನೀರು ತುಂಬಬಹುದು, ರಕ್ತ ಹೆಪ್ಪುಗಟ್ಟಬಹುದು, ಅರಿವಳಿಕೆಯಿಂದ ತೊಂದರೆಯಾಗಬಹುದು, ಅಪರೂಪಕ್ಕೆ ಕರುಳಿಗೆ ಪೆಟ್ಟಾಗಬಹುದು, ಜಾಳಿಗೆಗೆ ಸೋಂಕು ತಗಲಿದರೆ ತೆಗೆಯಬೇಕಾಗಬಹುದು, ನೋವು ಬಹಳ ದಿನ ಉಳಿಯಬಹುದು, ಎಲ್ಲ ಸರಿಯಾದ ಮೇಲೂ ಹರ್ನಿಯಾ ಮತ್ತೆ ಬರಬಹುದು. ಮಾಡಿಸದೆ ಬಿಟ್ಟರೆ ಕನ್ನೊಳ್ಳಿಯಲ್ಲಿ ಆದದ್ದೇ ಇನ್ನೊಮ್ಮೆ ಆಗಿ, ಕರುಳು ಸಿಕ್ಕಿಕೊಂಡು, ಜೀವಕ್ಕೇ ಬರಬಹುದು.

"ಹತ್ತು ಮಂದ್ಯಾಗ ಎಷ್ಟು ಮಂದಿಗೆ ವಾಪಸ್ ಬರ್ತೈತ್ರಿ?" ಎಂದೆ.

"ಹತ್ತು ಮಂದಿದು ತಗೊಂಡು ಏನ್ ಮಾಡ್ತೀರಿ? ನಿಮ್ಮದು ಹೇಳ್ತೇನಿ ಕೇಳ್ರಿ," ಎಂದರು ಡಾಕ್ಟರು. "ಜಾಳಿಗಿ ನಾ ಚಂದಂಗ ಹಾಕ್ತೇನಿ. ಗಾಯ ಕೂಡೂದು ನಿಮ್ಮ ಮೈಯಾಗ ಐತಿ. ಅದಕ್ಕ ಕೇಳಾಕತ್ತೇನಿ. ಸಕ್ರಿ ಕಾಯಿಲೆ ಐತೇನು? ಕೆಮ್ಮು? ಸಂಡಾಸಿಗೆ ತಿಣಕಬೇಕಾಗ್ತೈತೇನು? ಬೀಡಿ, ತಂಬಾಕು, ಮಿಶ್ರಿ?"

ಮಿಶ್ರಿ ಎಂದರೆ ಹುರಿದು ಪುಡಿ ಮಾಡಿದ ತಂಬಾಕು. ಹೆಬ್ಬೆರಳಿನ ಪಕ್ಕದ ಬೆರಳಿಗೆ ಹತ್ತಿಸಿಕೊಂಡು ಹಲ್ಲಿಗೆ ತಿಕ್ಕುವುದು. ಬುಟ್ಟಿ ಹೊರುತ್ತಿದ್ದ ದಿನಗಳಲ್ಲಿ ಹಸಿವು ಮುಚ್ಚಲು ಹಚ್ಚಿದ್ದು, ಆಮೇಲೆ ಬಿಡಲಿಲ್ಲ. ದಿನಕ್ಕೆ ಐದು ಸಲ. ಡಬ್ಬಿ ಎಲ್ಲಿರುತ್ತಿತ್ತು ಎಂದರೆ, ಸೊಂಟಕ್ಕೆ ಸಿಕ್ಕಿಸಿದ ಮೊಬೈಲ್ ಚೀಲದ ಒಳಜೇಬಿನಲ್ಲಿ. ಮಕ್ಕಳಿಗೂ ಗೊತ್ತಿರಲಿಲ್ಲ.

"ಇಲ್ರಿ," ಎಂದೆ.

ನಮ್ಮ ಮನೆಯವರು ನನ್ನ ಕಡೆ ನೋಡಿ, ಆಮೇಲೆ ಗೋಡೆಯ ಕಡೆ ನೋಡಿದರು.

ನನ್ನ ಲೆಕ್ಕ ಹೀಗಿತ್ತು. ಬೇಸಿಗೆ ಬರಲು ಒಂದೂವರೆ ತಿಂಗಳು. ನಿಂಬೆಹಣ್ಣಿಗೆ ಬೆಲೆ ಬರುವುದು ಆಗಲೇ. ಬೇಗ ಆಪರೇಷನ್ ಮುಗಿಸಿದರೆ ಸುಗ್ಗಿಗೆ ತೋಟಕ್ಕೆ ಇಳಿಯಬಹುದು. ಎರಡನೆಯದು, ಮಿಶ್ರಿ ಹಚ್ಚದಿದ್ದರೆ ನನಗೆ ಬೆಳಿಗ್ಗೆ ಸಂಡಾಸೇ ಆಗುವುದಿಲ್ಲ. ಬಿಟ್ಟರೆ ತಿಣುಕಬೇಕು, ತಿಣುಕಿದರೆ ಹೊಲಿಗೆ ಹೋಗುತ್ತದೆ. ಹಾಗಾಗಿ ಹಚ್ಚುವುದೇ ಹೊಟ್ಟೆಗೆ ಒಳ್ಳೆಯದು ಎಂದು ನನಗೆ ನಾನೇ ತೀರ್ಪು ಕೊಟ್ಟುಕೊಂಡಿದ್ದೆ. ಜಾಣರು ತಮಗೆ ತಾವೇ ಹೇಳಿಕೊಳ್ಳುವ ಸುಳ್ಳು ಬಹಳ ಗಟ್ಟಿ ಇರುತ್ತದೆ.

ರಕ್ತ ಪರೀಕ್ಷೆಯಲ್ಲಿ ಸಕ್ಕರೆ ಸಿಕ್ಕಿಬಿತ್ತು. ಮಿಶ್ರಿ ಸಿಗಲಿಲ್ಲ. ಸಕ್ಕರೆ ಇಳಿಯಲಿ ಎಂದು ಒಂದು ತಿಂಗಳು ಗುಳಿಗೆ ಕೊಟ್ಟರು. ಗಂಟು ಗಟ್ಟಿಯಾಗಿ ಒಳಗೆ ಹೋಗದಿದ್ದರೆ, ಬಣ್ಣ ಬದಲಾದರೆ, ವಾಂತಿ ಬಂದರೆ, ಒಂದು ಗಳಿಗೆಯೂ ತಡ ಮಾಡದೆ ಬರಬೇಕು ಎಂದು ನಮ್ಮ ಮನೆಯವರಿಗೆ ಎರಡೆರಡು ಸಲ ಹೇಳಿದರು. ಅವರು ಸಾಲೆಯ ಹುಡುಗನಂತೆ ಬಾಯಿಪಾಠ ಮಾಡಿಕೊಂಡರು. ದಿನಾ ಬೆಳಿಗ್ಗೆ ಚಹಾ ಕೊಡುವಾಗ "ಒಳಗ ಹೋಗೈತಿಲ್ಲೋ?" ಎಂದು ಕೇಳುವುದು. ಹೌದು ಎಂದರೆ ಮಾತ್ರ ಕಪ್ಪು ಕೈಗೆ. ಮೂವತ್ತು ವರ್ಷದ ಸಂಸಾರದಲ್ಲಿ ಅವರು ಇಷ್ಟು ದಿನ ಸತತವಾಗಿ ನನ್ನನ್ನು ಮಾತಾಡಿಸಿದ್ದು ಅದೇ ಮೊದಲು.

ತಿಂಗಳಾಯಿತು, ಸಕ್ಕರೆ ಇಳಿಯಿತು, ಆಪರೇಷನ್ನಿನ ದಿನ ಬಂತು. ಬೆಳಿಗ್ಗೆ ಖಾಲಿ ಹೊಟ್ಟೆಯಲ್ಲಿ ವಾರ್ಡಿನ ಕಾಟಿನ ಮೇಲೆ ಕೂತಿದ್ದೆ. ಪಕ್ಕದ ಕಾಟಿನಲ್ಲಿ ತಂಗಡಗಿಯ ಬಸಮ್ಮ ಎನ್ನುವ ಹೆಣ್ಣುಮಗಳು ಮಲಗಿದ್ದಳು. ನನಗಿಂತ ಹತ್ತು ವರ್ಷ ಚಿಕ್ಕವಳು. ಬೇರೆ ಊರಿನಲ್ಲಿ ಒಮ್ಮೆ ಆಪರೇಷನ್ ಆಗಿ, ಗಾಯ ಕೀವಾಗಿ, ವರ್ಷ ತುಂಬುವ ಮೊದಲೇ ಹರ್ನಿಯಾ ಮತ್ತೆ ಬಂದು, ಎರಡು ದಿನದ ಹಿಂದೆ ಇಲ್ಲಿ ಎರಡನೆಯ ಸಲ ಕೊಯ್ಸಿಕೊಂಡಿದ್ದಳು. ಅವಳು ನನ್ನ ಜೊತೆ ಮಾತಾಡುತ್ತ ಮಾತಾಡುತ್ತ ನನ್ನ ಬಾಯಿಯನ್ನೇ ನೋಡುತ್ತಿದ್ದಳು.

"ಅಕ್ಕಾರ, ನೀವೂ ಹಚ್ತೀರಿ," ಎಂದಳು ಮೆಲ್ಲಗೆ.

ನಾನು ಎಲೆ ಅಡಿಕೆ ಎಂದೆ.

"ನನ್ನ ಮುಂದ ಬ್ಯಾಡ್ರಿ. ಒಸಡಿನ ಅಂಚಿಗೆ ಕರಿ ಗೆರಿ ಐತಿ. ನಾನೂ ಹಿಂಗ ಅಂದಿದ್ದೆ," ಎಂದಳು. "ಅವತ್ತ ಡಾಕ್ಟರ್ ಕೇಳಿದಾಗ ಮಾವ, ಮೈದುನ ಎಲ್ಲಾರೂ ನಿಂತಿದ್ರು. ಅವರ ಮುಂದ ಹೆಂಗ ಹೌದನ್ಲಿ? ಇಲ್ಲ ಅಂದೆ. ಗಾಯ ಮಾತ್ರ ಹೌದು ಅಂತು."

ಅವಳ ಕೀವಿಗೆ ಅದೊಂದೇ ಕಾರಣವೋ ಅಲ್ಲವೋ, ಡಾಕ್ಟರೇ ಹೇಳಬೇಕು. ಆದರೆ ಯಾರೋ ನನ್ನ ಚೀಲದ ತಳಕ್ಕೆ ಕೈ ಹಾಕಿ ಹಣ್ಣು ತೆಗೆದು ತೋರಿಸಿದಂತೆ ಆಯಿತು. ಲೆಕ್ಕ ಹಾಕಿದೆ. ಈಗ ಹೇಳಿದರೆ ಇವತ್ತಿನ ಆಪರೇಷನ್ ಹೋಗುತ್ತದೆ, ಅದರ ಜೊತೆಗೆ ಬೇಸಿಗೆಯ ಸುಗ್ಗಿಯೂ ಹೋಗುತ್ತದೆ. ಹೇಳದಿದ್ದರೆ ಸುಗ್ಗಿ ಸಿಗಬಹುದು, ಹೊಟ್ಟೆ ಹೋಗಬಹುದು. ಮತ್ತೆ ಬಂದರೆ ಈ ಸಲದಂತೆ ಸಣ್ಣ ಕೊಯ್ತವಲ್ಲ, ಬಸಮ್ಮನಂತೆ ದೊಡ್ಡದು. ಆಮೇಲೆ ನಾನು ತೋಟಕ್ಕೆ ಇಳಿಯುತ್ತೇನೋ ಇಲ್ಲವೋ. ನನ್ನ ದುಡಿಮೆ ಇರುವುದೇ ಈ ಮೈಯಲ್ಲಿ.

ಡಾಕ್ಟರು ಬಂದಾಗ ಮೊಬೈಲ್ ಚೀಲದಿಂದ ಡಬ್ಬಿ ತೆಗೆದು ಅವರ ಅಂಗೈಯಲ್ಲಿ ಇಟ್ಟೆ. "ತಪ್ಪಾತ್ರಿ. ಮ್ಯಾಲಿನ ಹಣ್ಣು ತೋರ್ಸಿದ್ದೆ," ಎಂದೆ. ಕೊನೆಯ ಸಲ ಯಾವಾಗ ಎಂದು ಕೇಳಿದರು. ಈಗ ಬರುವಾಗ ಟೆಂಪೋದಲ್ಲಿ ಎಂದೆ.

ಅವರು ಬೈಯಲಿಲ್ಲ. ಹಲ್ಲು ನೋಡಿದಾಗ ತಮಗೂ ಸಂಶಯ ಬಂದಿತ್ತು, ನೀವು ಅಷ್ಟು ಗಟ್ಟಿಯಾಗಿ ಇಲ್ಲ ಎಂದದ್ದಕ್ಕೆ ನಂಬಿದೆ ಎಂದರು. ಗಂಟು ಈಗ ಮೆತ್ತಗಿದೆ, ಕಾಯಲು ಆಗುತ್ತದೆ, ಒಂದು ತಿಂಗಳು ಪೂರ್ತಿ ಬಿಟ್ಟು ಬನ್ನಿ ಎಂದು ಹೊಸ ತಾರೀಖು ಬರೆದರು. ಹದಿನೈದು ದಿನಕ್ಕೆ ಇಳಿಸಿರಿ ಎಂದು ನಾನು ಕೇಳಿದೆ. ನಕ್ಕು, ಇಲ್ಲಿ ಆ ವ್ಯಾಪಾರ ನಡೆಯುವುದಿಲ್ಲ ಎಂದರು. ಸಂಡಾಸಿನ ಚಿಂತೆ ಹೇಳಿದೆ. ಅದಕ್ಕೊಂದು ಔಷಧ ಇತ್ತು. ಇಷ್ಟು ವರ್ಷದ ನನ್ನ ದೊಡ್ಡ ವಾದಕ್ಕೆ ಒಂದು ಬಾಟಲಿಯಲ್ಲಿ ಉತ್ತರ ಇತ್ತು.

ವಾಪಸು ಬರುವಾಗ ಊರು ಹತ್ತಿರ ಬಂದ ಮೇಲೆ ನಮ್ಮ ಮನೆಯವರು ಹೇಳಿದರು: "ಅವತ್ತ ನಾ ಬಾಯಿ ಬಿಡಬೇಕಿತ್ತು. ನನಗ ಗೊತ್ತಿತ್ತು."

"ಮತ್ಯಾಕ ಹೇಳಲಿಲ್ಲ?"

"ನಿನ್ನ ಎದುರು ನಾ ಯಾವತ್ತ ಮಾತಾಡೇನಿ?"



ಆ ತಿಂಗಳ ಬಗ್ಗೆ ಹೆಚ್ಚು ಬರೆಯಲಾರೆ. ತಲೆನೋವು, ಸಿಟ್ಟು, ಕೈ ತಾನೇ ಸೊಂಟಕ್ಕೆ ಹೋಗುವುದು. ಬೆರಳು ಸುಮ್ಮನೆ ಹಲ್ಲಿಗೆ ಹೋಗಿ ವಾಪಸು ಬರುವುದು. ಒಣ ಶುಂಠಿ ಕಡಿದೆ, ಲವಂಗ ಕಡಿದೆ. ಎರಡು ಸಲ ಸೋತು ಹಚ್ಚಿದೆ. ಎರಡು ಸಲವೂ ಡಾಕ್ಟರಿಗೆ ಫೋನ್ ಮಾಡಿ ಹೇಳಿದೆ. ಎರಡನೆಯದಕ್ಕೆ ತಾರೀಖು ಇನ್ನೂ ಎಂಟು ದಿನ ಮುಂದೆ ಹೋಯಿತು. ಖರೆ ಹೇಳಿದ್ದಕ್ಕೂ ಬೆಲೆ ಕೊಡಬೇಕಾಗುತ್ತದೆ, ಕೊಡಿರಿ.

ಬೇಸಿಗೆ ಬಂತು. ಭಾರ ಎತ್ತಬಾರದು ಎಂದು ಡಾಕ್ಟರು ಹೇಳಿದ್ದರಿಂದ ತೋಟಕ್ಕೆ ನಮ್ಮ ಮನೆಯವರು ಹೋದರು. ಮೊದಲ ದಿನ ತಂದ ಚೀಲಗಳ ತಳದಲ್ಲಿ ಅರ್ಧ ಕಪ್ಪು ಚುಕ್ಕಿ ಬಿದ್ದ ಹಣ್ಣು. ನಾನು ಕೂತಲ್ಲಿಂದಲೇ ಬೈದೆ. ಮುಂದಿನ ವಾರವೂ ಹಾಗೆಯೇ. ಮೂರನೆಯ ವಾರ ಬಂದವರು ನನ್ನ ಮುಂದೆ ನಿಂತು ಬಲಗೈ ಚಾಚಿದರು. ಮೊಣಕೈವರೆಗೆ ಚೀಲದ ನೂಲು ತರಚಿದ ಗೆರೆಗಳು. ಆ ಚೀಲಗಳ ತಳದ ಹಣ್ಣು ಮೇಲಿನದಕ್ಕಿಂತ ಚೆನ್ನಾಗಿತ್ತು.

ಕೊನೆಗೆ ಆಪರೇಷನ್ ಆಯಿತು. ಒಳಗೆ ಕರೆದುಕೊಂಡು ಹೋಗುವಾಗ ಕಾಲು ಥಂಡಾದವು. ನರ್ಸೊಬ್ಬಳು ಎರಡೂ ಪಾದಗಳನ್ನು ಅಂಗೈಯಲ್ಲಿ ಹಿಡಿದು ಬಿಸಿ ಮಾಡಿದಳು. ಅವಳ ಹೆಸರು ಕೇಳಲು ಮರೆತೆ. ಈಗಲೂ ಆ ಬಿಸಿ ನೆನಪಾಗುತ್ತದೆ. ಒಳಗೆ ಹಾಕುವ ಜಾಳಿಗೆ ಹೇಗಿರುತ್ತದೆ ತೋರಿಸಿ ಎಂದು ಮೊದಲೇ ಹಟ ಹಿಡಿದಿದ್ದೆ. ಒಂದು ತುಂಡು ಇಟ್ಟಿದ್ದರು. ಸೊಳ್ಳೆ ಪರದೆಯ ಬಟ್ಟೆಯಂತೆ ಬೆಳ್ಳಗೆ, ಹಗುರ. ಹಿಗ್ಗಿಸಿ ನೋಡಿದೆ, ಹಿಗ್ಗಲಿಲ್ಲ. ಇಷ್ಟು ತೆಳುವಾದದ್ದು ಇಷ್ಟು ವರ್ಷ ಹೇಗೆ ತಾಳುತ್ತದೆ ಎಂದು ಕೇಳಿದೆ. ಅದೊಂದೇ ತಾಳುವುದಲ್ಲ, ನಿಮ್ಮ ಮಾಂಸ ಅದರ ಕಣ್ಣುಗಳಲ್ಲಿ ಬೆಳೆದು ಹಿಡಿದುಕೊಳ್ಳುತ್ತದೆ ಎಂದರು ಡಾಕ್ಟರು. ಬಳ್ಳಿ ಹಂದರಕ್ಕೆ ಹಬ್ಬಿದ ಹಾಗೆ. ಅದಕ್ಕೇ ಅಲ್ಲವೇ ಇಷ್ಟು ಕಾಯಿಸಿದ್ದು ಎಂದು ಆಗ ನನ್ನ ತಲೆಗೆ ಹೋಯಿತು.

ಎಚ್ಚರವಾದಾಗ ನೋವಿತ್ತು, ತಾಳುವಂಥದ್ದು. ಕೆಮ್ಮು ಬಂದರೆ ತಲೆದಿಂಬನ್ನು ಹೊಟ್ಟೆಗೆ ಅವುಚಿ ಹಿಡಿದು ಕೆಮ್ಮಬೇಕು ಎಂದು ಹೇಳಿಕೊಟ್ಟರು. ನೀವು ಹೋಗುವವರಿದ್ದರೆ ಮನೆಯಿಂದಲೇ ಒಂದು ಗಟ್ಟಿ ದಿಂಬು ಒಯ್ಯಿರಿ. ಗಾಳಿ ಹೋಯಿತೇನು ಎಂದು ಡಾಕ್ಟರಿಂದ ಹಿಡಿದು ಕಸ ಗುಡಿಸುವವಳವರೆಗೆ ಎಲ್ಲರೂ ಕೇಳುತ್ತಾರೆ, ನಾಚಬೇಡಿರಿ. ನನಗೆ ಹೋದಾಗ ನಮ್ಮ ಮನೆಯವರು ವರಾಂಡಕ್ಕೆ ಹೋಗಿ ನರ್ಸಿಗೆ ಸುದ್ದಿ ಮುಟ್ಟಿಸಿ ಬಂದರು, ಮೊಮ್ಮಗ ಹುಟ್ಟಿದವರಂತೆ.

ಹತ್ತನೆಯ ದಿನ ಮನೆಯಲ್ಲಿ ಸೀರೆ ಉಡುವಾಗ ಹೊಕ್ಕಳಿನ ಹತ್ತಿರ ಮತ್ತೆ ಉಬ್ಬು ಕಂಡಿತು. ಗೋಡೆ ಹಿಡಿದು ಕೂತೆ. ಒಂದು ಇಡೀ ಬೇಸಿಗೆ ಬಿಟ್ಟುಕೊಟ್ಟದ್ದು ಇದಕ್ಕೇನು ಎಂದು ಅಳು ಬಂತು. ವಿಜಯಪುರಕ್ಕೆ ಓಡಿದೆವು. ಡಾಕ್ಟರು ಕೆಮ್ಮಿಸಿದರು. ಉಬ್ಬು ಕೆಮ್ಮಿಗೆ ಜಗ್ಗಲಿಲ್ಲ. ನೀರು ತುಂಬಿದ್ದು, ಹರ್ನಿಯಾ ಅಲ್ಲ, ನಾನು ಮೊದಲೇ ಹೇಳಿದ್ದೆನಲ್ಲ ಎಂದರು. ಹೌದು, ಹೇಳಿದ್ದರು. ಕೇಳುವುದು ಬೇರೆ, ತನ್ನ ಹೊಟ್ಟೆಯ ಮೇಲೆ ಕಾಣುವುದು ಬೇರೆ. ಆರು ವಾರದಲ್ಲಿ ತಾನೇ ಇಂಗಿತು.

ಈಗ ಎರಡು ವರ್ಷವಾಯಿತು. ಹೊಕ್ಕಳು ಸ್ವಲ್ಪ ಸೊಟ್ಟಗಾಗಿದೆ, ಚಳಿಗಾಲದಲ್ಲಿ ಒಮ್ಮೊಮ್ಮೆ ಚುಳ್ ಎನ್ನುತ್ತದೆ. ಚೀಲ ಎತ್ತುವುದಿಲ್ಲ, ಕೈ ಮಾತ್ರ ಇಳಿಸುತ್ತೇನೆ. ಮಿಶ್ರಿ ಬಿಟ್ಟಿದ್ದೇನೆ ಎಂದು ಬರೆಯಲು ಹೊರಟಿದ್ದೆ. ಹೋದ ದೀಪಾವಳಿಯಲ್ಲಿ ಒಂದು ಸಲ ಹಚ್ಚಿದೆ. ಅದನ್ನೂ ಬರೆದಿದ್ದೇನೆ, ನೋಡಿರಿ.

ಕನ್ನೊಳ್ಳಿಯ ಆಯಿ ಇನ್ನೂ ಬಟ್ಟಿ ತಿಕ್ಕುತ್ತಾಳೆ. ಆದರೆ ತಂಬಿಗೆಯನ್ನು ಗೋಡೆಯ ಗೂಡಿನಲ್ಲಿ ಎತ್ತಿಟ್ಟಿದ್ದಾಳೆ. ಯಾರೇ ಬಂದರೂ ಮೊದಲು ಹೊಕ್ಕಳಿನ ಮೇಲೆ ಬೆರಳಿಟ್ಟು ಕೆಮ್ಮಿಸುತ್ತಾಳೆ. ಬೆರಳಿಗೆ ಏನಾದರೂ ಬಡಿದರೆ ಎಣ್ಣೆಯ ಬಟ್ಟಲು ಬದಿಗಿಟ್ಟು ನನಗೆ ಫೋನ್ ಹಚ್ಚಿಸುತ್ತಾಳೆ. ಹೋದ ವಾರವೂ ಬಂತು.

"ನೀಲಾ, ಒಬ್ಬಾಕಿನ್ನ ಕಳಸಾಕತ್ತೇನಿ. ನಿನ್ನಂಥದ ಗಂಟು. ಡಾಕ್ಟರ ಕಡೆ ಕರ್ಕೊಂಡು ಹೋಗು," ಎಂದಳು. ಆಮೇಲೆ ದನಿ ತಗ್ಗಿಸಿ, "ಮಿಶ್ರಿ ಕೇಳಿದೆ. ಇಲ್ಲ ಅಂತಾಳ."

"ಕಳಸು ಆಯಿ," ಎಂದೆ. "ಡಬ್ಬಿ ಎಲ್ಲಿರ್ತೈತಿ ನನಗ ಗೊತ್ತೈತಿ."